ರೈಸ್ ಮಿಲ್ ಕಚೇರಿಯಲ್ಲಿ ಝೀರೋ ಟ್ರಸ್ಟ್ ಅಳವಡಿಸುವ ಕ್ರಮ

ಗಂಗಾವತಿ, ಸಿಂಧನೂರು, ಸಿರುಗುಪ್ಪ ಭಾಗದ ರೈಸ್ ಮಿಲ್ ಒಂದರಲ್ಲಿ ಲಾರಿ ತೂಗುವ ವೇಬ್ರಿಡ್ಜ್ ಕಂಪ್ಯೂಟರ್, ಲೆಕ್ಕಪತ್ರದ ತಂತ್ರಾಂಶ ಟ್ಯಾಲಿ ಇರುವ ಕಂಪ್ಯೂಟರ್, ಸಿಸಿಟಿವಿ ದೃಶ್ಯ ದಾಖಲಿಸುವ ಡಿವಿಆರ್ ಮತ್ತು ವ್ಯವಹಾರಕ್ಕೆಂದು ಬಂದ ದಲಾಲರ ಮೊಬೈಲ್ ಎಲ್ಲವೂ ಒಂದೇ ವೈಫೈಗೆ ಸೇರಿಕೊಂಡಿದ್ದರೆ, ಅವುಗಳಲ್ಲಿ ಒಂದು ಕಳ್ಳರ ವಶವಾದರೂ ರೈತರ ಬಾಕಿ ಲೆಕ್ಕದವರೆಗೆ ದಾರಿ ತೆರೆದುಕೊಳ್ಳಬಹುದು. ಒಳಗಿನ ನೆಟ್‌ವರ್ಕ್‌ನಲ್ಲಿದೆ ಎಂಬ ಒಂದೇ ಕಾರಣಕ್ಕೆ ಯಾವ ವ್ಯಕ್ತಿಯನ್ನೂ ಯಂತ್ರವನ್ನೂ ನಂಬದೆ, ಪ್ರತಿ ಪ್ರವೇಶವನ್ನೂ ಪರಿಶೀಲಿಸಿಯೇ ಬಿಡಬೇಕೆಂಬುದು ಝೀರೋ ಟ್ರಸ್ಟ್‌ನ ತಿರುಳು. ಫಾರೆಸ್ಟರ್ ಎಂಬ ಸಂಶೋಧನಾ ಸಂಸ್ಥೆಯಲ್ಲಿದ್ದ ಜಾನ್ ಕಿಂಡರ್ವಾಗ್ 2010ರಲ್ಲಿ ಇದನ್ನು ಪ್ರತಿಪಾದಿಸಿದರು. ಅಮೆರಿಕದ ಸರ್ಕಾರಿ ಮಾನಕ ಸಂಸ್ಥೆ ನಿಸ್ಟ್ 2020ರಲ್ಲಿ ಇದರ ರೂಪರೇಖೆಯನ್ನು ಪ್ರಕಟಿಸಿತು. ಇದು ಅಂಗಡಿಯಲ್ಲಿ ಸಿಗುವ ಪೆಟ್ಟಿಗೆಯಲ್ಲ. ಆದ್ದರಿಂದ ಖರೀದಿಯಿಂದ ಆರಂಭಿಸಬೇಡಿ.

ಮೊದಲು ಕಾಪಾಡಬೇಕಾದದ್ದು ಯಾವುದು, ಅದನ್ನು ಯಾರು ಯಾವ ಯಂತ್ರದಿಂದ ಬಳಸುತ್ತಾರೆ ಎಂಬುದನ್ನು ಬರೆದಿಡಿ. ಬಳಿಕ ಪ್ರತಿಯೊಬ್ಬರಿಗೂ ಪ್ರತ್ಯೇಕ ಲಾಗಿನ್ ಕೊಡಿ. ನಾಲ್ವರು ಒಂದೇ ಪಾಸ್‌ವರ್ಡ್ ಹಂಚಿಕೊಂಡಿರುವಲ್ಲಿ ಪರಿಶೀಲನೆಗೆ ಅರ್ಥವೇ ಇರುವುದಿಲ್ಲ. ಟ್ಯಾಲಿಯಲ್ಲಿ ಬಳಕೆದಾರರಿಗೆ ಬೇರೆ ಬೇರೆ ಹಕ್ಕು ನಿಗದಿಪಡಿಸಬಹುದಾದ್ದರಿಂದ, ತೂಕ ನಮೂದಿಸುವ ಗುಮಾಸ್ತರಿಗೆ ಪಾವತಿಯ ವಿವರ ತಿದ್ದುವ ಅವಕಾಶ ಬೇಡ. ಇಮೇಲ್‌ಗೆ ಎರಡು ಹಂತದ ದೃಢೀಕರಣ ಕಡ್ಡಾಯವಾಗಲಿ. ಎಸ್‌ಎಂಎಸ್‌ಗಿಂತ ಮೊಬೈಲ್ನಲ್ಲೇ ಕೋಡ್ ತೋರಿಸುವ ಅಥೆಂಟಿಕೇಟರ್ ಆ್ಯಪ್ ಮೇಲು. ಈ ನಿಯಮದಿಂದ ಮಾಲೀಕರಿಗೂ ವಿನಾಯಿತಿ ಕೊಡಬಾರದು, ಏಕೆಂದರೆ ಅತಿ ಹೆಚ್ಚು ಹಕ್ಕಿರುವುದು ಅವರ ಖಾತೆಗೇ. ಹಂಗಾಮಿಗೆಂದು ಸೇರಿದವರ ಲಾಗಿನ್ ಅನ್ನು ಅವರ ಲೆಕ್ಕ ಚುಕ್ತಾ ಆದ ದಿನವೇ ಮುಚ್ಚಿಬಿಡಿ.

ನಂತರ ನೆಟ್‌ವರ್ಕ್ ಅನ್ನು ವಿಎಲ್ಎಎನ್ (ಒಂದೇ ಜಾಲವನ್ನು ಪ್ರತ್ಯೇಕ ಭಾಗಗಳಾಗಿಸುವ ವ್ಯವಸ್ಥೆ) ಮೂಲಕ ಲೆಕ್ಕಪತ್ರ, ಯಂತ್ರಗಳು, ಕ್ಯಾಮೆರಾ, ಅತಿಥಿ ವೈಫೈ ಎಂದು ವಿಂಗಡಿಸಿ. ಒಂದರಿಂದ ಇನ್ನೊಂದಕ್ಕೆ ಎಲ್ಲ ಸಂಪರ್ಕವನ್ನೂ ತಡೆದು, ವೇಬ್ರಿಡ್ಜ್‌ನಿಂದ ಟ್ಯಾಲಿಗೆ ಹೋಗುವ ಮಾಹಿತಿಯಂತಹ ಅಗತ್ಯದ ಹರಿವನ್ನಷ್ಟೇ ತೆರೆಯಿರಿ. ನನ್ನ ದೃಷ್ಟಿಯಲ್ಲಿ ಹೆಚ್ಚು ಎಚ್ಚರ ಬೇಕಾದದ್ದು ದೂರದಿಂದ ನಡೆಯುವ ದುರಸ್ತಿಯಲ್ಲಿ. ಅಕ್ಕಿಯನ್ನು ಬಣ್ಣ ನೋಡಿ ಬೇರ್ಪಡಿಸುವ ಸಾರ್ಟೆಕ್ಸ್ ಯಂತ್ರದ ಎಂಜಿನಿಯರ್‌ಗೆ ದೂರದಿಂದ ಕಂಪ್ಯೂಟರ್ ನಿಯಂತ್ರಿಸುವ ಎನಿಡೆಸ್ಕ್ ತಂತ್ರಾಂಶವನ್ನು ಸದಾ ತೆರೆದಿಡದೆ, ಅವರು ಕೇಳಿದಾಗ, ಆ ಒಂದು ಯಂತ್ರಕ್ಕೆ, ಕೆಲಸ ಮುಗಿಯುವವರೆಗೆ ಮಾತ್ರ ಪ್ರವೇಶ ನೀಡಿ.

ಭತ್ತದ ಆವಕ ಜೋರಾಗಿರುವ ಸುಗ್ಗಿಯಲ್ಲಿ ಈ ಬದಲಾವಣೆಗೆ ಕೈಹಾಕಬೇಡಿ. ಬಿಡುವಿನ ತಿಂಗಳಲ್ಲಿ, ಮೊದಲು ಏನನ್ನೂ ತಡೆಯದೆ, ಸಂಪರ್ಕಗಳ ದಾಖಲೆಯಾದ ಲಾಗ್‌ಗಳನ್ನಷ್ಟೇ ಗಮನಿಸಿ, ಯಾವ ಸಂಪರ್ಕ ನಿಜಕ್ಕೂ ಬೇಕೆಂದು ಖಚಿತವಾದ ಮೇಲೆ ನಿಯಮ ಜಾರಿಗೊಳಿಸಿ. ಭಾರತ ಸರ್ಕಾರದ ಸೈಬರ್ ಸುರಕ್ಷತಾ ಸಂಸ್ಥೆ ಸರ್ಟ್-ಇನ್‌ನ 2022ರ ನಿರ್ದೇಶನದಂತೆ ಕಂಪನಿಗಳು ಲಾಗ್‌ಗಳನ್ನು 180 ದಿನ ಉಳಿಸಿಕೊಳ್ಳಬೇಕು ಮತ್ತು ಸೈಬರ್ ದಾಳಿ ಗಮನಕ್ಕೆ ಬಂದ 6 ಗಂಟೆಯೊಳಗೆ ಆ ಸಂಸ್ಥೆಗೆ ವರದಿ ಮಾಡಬೇಕು. ಹಣ ಹೋಗಿದ್ದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ.