ಥಡ್ಡಿಯಸ್ ಸ್ಟೀವನ್ಸ್ ಬಗ್ಗೆ ಬರೆದದ್ದು, ಹೊಡೆದುಹಾಕಿದ್ದು

ನಮ್ಮ ವಕೀಲರ ಸಂಘದ ಸ್ಮರಣ ಸಂಚಿಕೆಗೆ ಏನಾದರೂ ಬರೆದುಕೊಡಿ ಅಂದರು, ನಾನು ಸುಮ್ನೆ ಹೂಂ ಅಂದುಬಿಟ್ಟೆ. ವಿಷಯ ಮಾತ್ರ ಮೊದಲೇ ತಲೆಯಲ್ಲಿತ್ತು: ಥಡ್ಡಿಯಸ್ ಸ್ಟೀವನ್ಸ್. ಅಮೆರಿಕದ ಪೆನ್ಸಿಲ್ವೇನಿಯಾ ರಾಜ್ಯದ ವಕೀಲ, ಶಾಸಕ, ಗುಲಾಮಗಿರಿಯ ಕಡು ವೈರಿ. ಲಿಂಕನ್ ಎಲ್ಲರಿಗೂ ಗೊತ್ತು, ಆದರೆ ಲಿಂಕನ್ನರ ಪಕ್ಷದಲ್ಲೇ ಇದ್ದುಕೊಂಡು ಇನ್ನೂ ಜೋರಾಗಿ ನಡೀರಿ ಅಂತ ಬೆನ್ನುಬಿದ್ದಿದ್ದ ಈ ಮನುಷ್ಯನ ಹೆಸರು ಕೇಳಿದವರು ನಮ್ಮಲ್ಲಿ ಕಡಿಮೆ.

ಮೊದಲ ಕರಡು ಎಂಟು ಪುಟ ಆಯಿತು. 1792ರಲ್ಲಿ ವರ್ಮಾಂಟ್‌ನಲ್ಲಿ ಹುಟ್ಟು, ಒಂದು ಪಾದ ಹುಟ್ಟಿನಿಂದಲೇ ತಿರುಚಿಕೊಂಡಿತ್ತು, ಅಪ್ಪ ಮನೆ ಬಿಟ್ಟು ಹೋದ, ತಾಯಿ ದುಡಿದು ಓದಿಸಿದಳು, 1814ರಲ್ಲಿ ಡಾರ್ಟ್‌ಮತ್ ಕಾಲೇಜಿನ ಪದವಿ, 1816ರಿಂದ ಗೆಟ್ಟಿಸ್‌ಬರ್ಗ್‌ನಲ್ಲಿ ವಕೀಲಿ. ನಮ್ಮ ಸೀನಿಯರ್ ಓದಿ, "ಏನ್ರೀ ಇದು, ಗಂಡಿನ ಕಡೆಯವರ ಬಯೋಡೇಟಾನಾ?" ಅಂದರು. ಸರಿಯಾಗೇ ಇತ್ತು.

ಆ ಕರಡಿನಲ್ಲಿ ನಾನು ಒಂದು ಕೇಸನ್ನು ಬೇಕಂತಲೇ ಬಿಟ್ಟಿದ್ದೆ. 1821, ಚಾರಿಟಿ ಬಟ್ಲರ್ ಎಂಬ ಕಪ್ಪು ಹೆಂಗಸು ತನಗೂ ಮಕ್ಕಳಿಗೂ ಬಿಡುಗಡೆ ಬೇಕು ಅಂತ ಕೋರ್ಟಿಗೆ ಬಂದಿದ್ದಳು. ಬೇರೆ ರಾಜ್ಯದ ಗುಲಾಮರನ್ನು ಆರು ತಿಂಗಳಿಗಿಂತ ಜಾಸ್ತಿ ಪೆನ್ಸಿಲ್ವೇನಿಯಾದಲ್ಲಿ ಇಟ್ಟುಕೊಂಡರೆ ಅವರು ಸ್ವತಂತ್ರರು ಅನ್ನೋದು ಅಲ್ಲಿನ ಕಾನೂನು. ಒಡೆಯನೊಂದಿಗೆ ಮೇರಿಲ್ಯಾಂಡ್‌ನಿಂದ ಆಗಾಗ ಬಂದು ಹೋದ ದಿನಗಳನ್ನು ಕೂಡಿಸಿದರೆ ಅವಳ ಲೆಕ್ಕ ಆರು ತಿಂಗಳು ದಾಟುತ್ತಿತ್ತು. ಎದುರು ಪಕ್ಷದ, ಅಂದರೆ ಒಡೆಯನ ವಕೀಲ ಯಾರು? ಸ್ಟೀವನ್ಸ್. ವಾಸ ಸತತವಾಗಿರಬೇಕು, ಬಿಡಿಬಿಡಿ ದಿನ ಕೂಡಿಸುವಂತಿಲ್ಲ ಎಂಬ ವಾದ ಗೆದ್ದಿತು. ಅವಳು ಗುಲಾಮಳಾಗಿಯೇ ಉಳಿದಳು.

ಅಡ್ವರ್ಸ್ ಪೊಸೆಷನ್, ಅಂದರೆ ಬೇರೆಯವರ ಜಮೀನನ್ನು ವರ್ಷಗಟ್ಟಲೆ ಇಟ್ಟುಕೊಂಡು ಇನ್ನು ಇದು ನನ್ನದೇ ಅನ್ನುವ ಕೇಸುಗಳಲ್ಲಿ ನಾವು ಹಾಕೋದೂ ಇದೇ ವಾದ ಅಲ್ವಾ? ಹನ್ನೆರಡು ವರ್ಷ ಸತತವಾಗಿ ಸ್ವಾಧೀನದಲ್ಲಿದ್ದೀಯಾ ತೋರಿಸು, ಮಧ್ಯೆ ಬಿಟ್ಟಿದ್ದೀಯ, ಹೋಯ್ತು. ಜಮೀನಿನ ವಿಷಯದಲ್ಲಿ ನಾನೇ ಎಷ್ಟು ಸಲ ಹೀಗೆ ವಾದಿಸಿ ಖುಷಿಪಟ್ಟಿದ್ದೇನೆ. ಅದೇ ಜಾಣತನ ಒಬ್ಬಳ ಮೈ ಮೇಲೆ ಬಿದ್ದದ್ದನ್ನು ಓದಿ ಅವತ್ತು ಊಟ ಸೇರಲಿಲ್ಲ. ಕರಡು ಹರಿದು, ಲೇಖನವನ್ನು ಚಾರಿಟಿಯಿಂದಲೇ ಶುರು ಮಾಡಿದೆ.

ಅಲ್ಲಿಂದ ಮುಂದೆ ಕಥೆ ತಾನಾಗಿ ಓಡಿತು. 1835ರಲ್ಲಿ ರಾಜ್ಯದ ಉಚಿತ ಶಾಲೆಗಳ ಕಾನೂನನ್ನು ರದ್ದು ಮಾಡಲು ಹೊರಟಾಗ ಸ್ಟೀವನ್ಸ್ ಭಾಷಣ ಮಾಡಿ ಉಳಿಸಿಕೊಂಡದ್ದು, ಕಪ್ಪು ಜನರ ಮತ ಕಿತ್ತುಕೊಂಡಿತು ಅಂತ ರಾಜ್ಯದ ಹೊಸ ಸಂವಿಧಾನಕ್ಕೆ ಸಹಿ ಹಾಕದೇ ಇದ್ದದ್ದು. 1851ರ ಕ್ರಿಸ್ಟಿಯಾನಾ ಪ್ರಕರಣದಲ್ಲಂತೂ ಓಡಿಬಂದ ಗುಲಾಮರ ಪರ ನಿಂತರು ಅಂತ ದೇಶದ್ರೋಹದ ಆರೋಪ ಹೊತ್ತವರ ವಕೀಲರ ತಂಡದಲ್ಲಿ ಇದ್ದವರು ಇವರೇ. ಜ್ಯೂರಿ ಹದಿನೈದೇ ನಿಮಿಷದಲ್ಲಿ ನಿರಪರಾಧಿ ಅಂದಿತು. ಅಂತರ್ಯುದ್ಧದ ಹೊತ್ತಿಗೆ ಕಾಂಗ್ರೆಸ್ಸಿನ, ಅಂದರೆ ಅಮೆರಿಕದ ಸಂಸತ್ತಿನ, ಹಣಕಾಸು ಸಮಿತಿಯ ಅಧ್ಯಕ್ಷ. 1863ರಲ್ಲಿ ಗುಲಾಮಗಿರಿ ಬಿಡದ ದಕ್ಷಿಣದ ರಾಜ್ಯಗಳ ಸೈನ್ಯ ಅವರ ಕಬ್ಬಿಣದ ಕಾರ್ಖಾನೆಯನ್ನೇ ಸುಟ್ಟುಹಾಕಿತು.

ಪದಗಳು ಕಾಡಿದವು. ಇಂಪೀಚ್‌ಮೆಂಟ್‌ಗೆ ವಾಗ್ದಂಡನೆ ಅನ್ನಲೋ ಮಹಾಭಿಯೋಗ ಅನ್ನಲೋ? ಅಧಿಕಾರದಲ್ಲಿರುವವರನ್ನು ಇಳಿಸಲು ಸಂಸತ್ತು ನಡೆಸುವ ವಿಚಾರಣೆ ಅದು. 1868ರಲ್ಲಿ ಲಿಂಕನ್ ನಂತರ ಬಂದ ಅಧ್ಯಕ್ಷ ಜಾನ್ಸನ್ ವಿರುದ್ಧ ಅದನ್ನು ನಡೆಸಿದಾಗ ಸ್ಟೀವನ್ಸ್‌ಗೆ ನಡೆಯಲೂ ಆಗುತ್ತಿರಲಿಲ್ಲ, ಕುರ್ಚಿಯಲ್ಲಿ ಕೂರಿಸಿ ಹೊತ್ತು ತರುತ್ತಿದ್ದರು. ಜಾನ್ಸನ್ ಒಂದೇ ಮತದಿಂದ ಉಳಿದುಕೊಂಡರು. ನಾನು ಇಂಪೀಚ್‌ಮೆಂಟ್ ಅಂತಲೇ ಬಿಟ್ಟೆ.

ಎಲ್ಲಕ್ಕಿಂತ ಜಾಸ್ತಿ ಹೊತ್ತು ತಿಂದದ್ದು ಅವರ ಸಮಾಧಿಯ ಬರಹ. ಅದೇ ವರ್ಷ ಆಗಸ್ಟ್‌ನಲ್ಲಿ ತೀರಿಕೊಂಡರು. ಲ್ಯಾಂಕಾಸ್ಟರ್‌ನಲ್ಲಿ ಎಲ್ಲರಿಗೂ ಜಾಗ ಕೊಡುವ ಒಂದು ಸಣ್ಣ ಸ್ಮಶಾನವನ್ನು ತಾವೇ ಆರಿಸಿಕೊಂಡಿದ್ದರು. ಏಕಾಂತ ಇಷ್ಟ ಅಂತಲ್ಲ, ಬೇರೆ ಸ್ಮಶಾನಗಳಲ್ಲಿ ನಿಯಮ ಹಾಕಿ ಕೆಲವರನ್ನು ಹೊರಗಿಟ್ಟಿದ್ದಾರೆ, ಅದಕ್ಕೇ ಇಲ್ಲಿ ಮಲಗಿದ್ದೇನೆ ಅನ್ನೋದು ಕಲ್ಲಿನ ಮೇಲಿನ ಮಾತು. ಆ "ಕೆಲವರು" ಅನ್ನೋ ಕಡೆ ಮೂಲದಲ್ಲಿ ರೇಸ್ ಅಂತಿದೆ. ಮೊದಲು ಜಾತಿ ಅಂತ ಬರೆದೆ, ಓದಿದರೆ ನಮ್ಮೂರ ಸ್ಮಶಾನದ ಮಾತಾಯಿತು. ಹೊಡೆದುಹಾಕಿ ಜನಾಂಗ ಅಂದೆ, ಅದು ಪಠ್ಯಪುಸ್ತಕದ ಹಾಗೆ ಕೇಳಿಸಿತು. ಕೊನೆಗೆ "ಬಣ್ಣ ನೋಡಿ ಹೂಳುತ್ತಾರೆ" ಅಂತ ಬರೆದು ಪ್ರೆಸ್ಸಿಗೆ ಕಳಿಸಿದೆ.