ಇಂಡೋನೇಷ್ಯಾ ಸಿನಿಮಾ, ವಿಡಿಯೋ ನೋಡೋಕೆ ಎಲ್ಲಿಂದ ಶುರು ಮಾಡೋದು?

ಟ್ರೆಂಡಿಂಗ್ ಲಿಸ್ಟ್ ತೆಗೆದು ಕೂತ್ಕೊಂಡ್ರೆ ತಲೆಬುಡ ಗೊತ್ತಾಗಲ್ಲ. ಮೊದ್ಲು ಒಂದು ಹಿಟ್ ಸಿನಿಮಾ ನೋಡಿ, ಆಮೇಲೆ ಅದು ಎಲ್ಲಿಂದ ಬಂತು ಅಂತ ಹಿಂದಕ್ಕೆ ಹುಡುಕ್ತಾ ಹೋಗಿ, ಯಾಕಂದ್ರೆ ಅಲ್ಲಿ ಕೆಲವು ಭಾರಿ ಹಿಟ್‌ಗಳು ಹುಟ್ಟಿರೋದೇ ಆನ್‌ಲೈನಲ್ಲಿ.

ನನ್ನ ಕೇಳಿದ್ರೆ 2024ರ 'ಅಗಾಕ್ ಲಾಯೆನ್'. ಇದೇ ಹೆಸರಲ್ಲಿ ಪಾಡ್‌ಕಾಸ್ಟ್ ಮಾಡ್ತಿದ್ದ ನಾಲ್ಕು ಜನ ಕಾಮಿಡಿಯನ್‌ಗಳೇ ಇದ್ರಲ್ಲಿ ಹೀರೋಗಳು. ರಾತ್ರಿ ಜಾತ್ರೆಲಿ ಜನಾನೇ ಬರದಿರೋ ಒಂದು ದೆವ್ವದ ಮನೆ ನಡೆಸ್ತಿರ್ತಾರೆ, ಒಳಗೆ ಬಂದ ಮುದುಕ ಒಬ್ಬ ಹೆದರಿ ಸತ್ತೇ ಹೋಗ್ತಾನೆ, ಇವರು ಗಾಬರಿ ಬಿದ್ದು ಹೆಣನ ಅಲ್ಲೇ ಹೂತಾಕ್ತಾರೆ, ಆಮೇಲೆ ನಿಜವಾದ ದೆವ್ವ ಬಂದು ಬಿಸಿನೆಸ್ಸು ಭರ್ಜರಿ ಆಗೋಗುತ್ತೆ! 90 ಲಕ್ಷಕ್ಕಿಂತ ಜಾಸ್ತಿ ಜನ ನೋಡಿದ್ರು. (ಅಲ್ಲಿ ಹಿಟ್ಟೋ ಫ್ಲಾಪೋ ಅಂತ ಹೇಳೋದು ಎಷ್ಟು ಟಿಕೆಟ್ ಹೋಯ್ತು ಅನ್ನೋದ್ರ ಮೇಲೆ, ಕೋಟಿ ಲೆಕ್ಕ ಕಮ್ಮಿ.) ಸಿನಿಮಾ ಆದ್ಮೇಲೆ ಪಾಡ್‌ಕಾಸ್ಟ್ ಹಾಕಿ, ಮುಖಗಳು ಪರಿಚಯ ಆಗಿರೋದ್ರಿಂದ ಮಾತು ಪೂರ್ತಿ ಅರ್ಥ ಆಗ್ದಿದ್ರೂ ಮಜಾ ಬರುತ್ತೆ.

ಹಾರರ್ ಬೇಕಾ? 'ಕೆಕೆಎನ್ ಡಿ ದೇಸಾ ಪೆನಾರಿ' ಶುರುವಾಗಿದ್ದು 2019ರ ಒಂದು ಟ್ವಿಟರ್ ಥ್ರೆಡ್ಡಿಂದ, ಹಳ್ಳಿಗೆ ಹೋದ ಕಾಲೇಜು ಹುಡುಗ್ರ ಕಥೆ, 2022ರಲ್ಲಿ ಈದ್ ಟೈಮಿಗೆ ಥಿಯೇಟರಿಗೆ ಬಂತು, ಅಲ್ಲಿ ದೊಡ್ಡ ರಿಲೀಸ್‌ಗಳಿಗೆ ಅದೇ ಸೀಸನ್ನು. ಆದ್ರೆ ಬರೀ ಭಯಕ್ಕೆ ಅಂದ್ರೆ ಡೈರೆಕ್ಟರ್ ಜೋಕೋ ಅನ್ವರ್ ಅವರ 2017ರ 'ಪೆಂಗಬ್ದಿ ಸೆತಾನ್' ಎಷ್ಟೋ ವಾಸಿ. ಟಿವಿ ಸೀರಿಯಲ್ ಸದ್ಯಕ್ಕೆ ಬಿಡಿ, ಎಳೀತಾನೇ ಇರ್ತವೆ.

ಹಾಡಿಗೆ ಬಂದ್ರೆ, ಯೂಟ್ಯೂಬಲ್ಲಿ 'ಡಂಗ್‌ದುಟ್ ಕೊಪ್ಲೋ' (ಅಲ್ಲಿನ ಜನ ಕುಣಿಯೋ ಜೋರು ಬೀಟಿನ ಹಾಡುಗಳು) ಅಂತ ಹುಡುಕಿ, ಸ್ಟುಡಿಯೋ ವಿಡಿಯೋ ಬೇಡ, ಸ್ಟೇಜ್ ವಿಡಿಯೋನೇ ನೋಡಿ. ಹಳೇ ಹಿಂದಿ ಸಿನಿಮಾ ಹಾಡಿನ ಛಾಯೆ ತಕ್ಷಣ ಕಿವಿಗೆ ಬೀಳುತ್ತೆ, ತಬಲಾ ಥರದ ಏಟು ಬೇರೆ, ಮಧ್ಯೆ ಜನ ಸ್ಟೇಜ್ ಹತ್ತಿ ಹಾಡೋರ ಕೈಗೆ ಒಂದೊಂದೇ ನೋಟು ಕೊಡ್ತಾ ಕುಣೀತಿರ್ತಾರೆ. ಈಗ ಲೈವ್ ಸ್ಟ್ರೀಮ್ ಮಾಡೋರಿಗೂ ಹಿಂಗೇ ಆನ್‌ಲೈನಲ್ಲಿ ದುಡ್ಡು ಹಾಕ್ತಾರೆ.

ಆಟೋ ಸಬ್‌ಟೈಟಲ್ ಮಾತ್ರ ನೋಡ್ಕೊಂಡು ನಂಬಿ. ಪಾಡ್‌ಕಾಸ್ಟಿಗೆ ಹೆಂಗೋ ನಡೆಯುತ್ತೆ, ಆದ್ರೆ 2020ರಲ್ಲಿ ತೀರ್ಕೊಂಡ ಗಾಯಕ ದೀದಿ ಕೆಂಪೋಟ್ ಥರದವ್ರ ಹಾಡು ಇರೋದು ಜಾವಾ ಭಾಷೇಲಿ, ಅದನ್ನ ಇಂಡೋನೇಷಿಯನ್ ಅಂದ್ಕೊಂಡು ಏನೇನೋ ಬರೆದುಬಿಡುತ್ತೆ. ಅಂಥ ಹಾಡಿಗೆ ಯಾರಾದ್ರೂ ಕೈಯಾರೆ ಅನುವಾದ ಮಾಡಿ ಹಾಕಿರೋ ಲಿರಿಕ್ ವಿಡಿಯೋ ಹುಡ್ಕೊಳ್ಳಿ.