ತೋಳಿನ ತರಿ ಚರ್ಮ: ಉಜ್ಜುವುದನ್ನು ಬಿಟ್ಟ ಮೇಲೆ

ಭುಜದಿಂದ ಮೊಣಕೈವರೆಗೆ, ತೋಳುಗಳ ಹೊರಭಾಗದಲ್ಲಿ ರವೆ ಚೆಲ್ಲಿದಂತೆ ಸಣ್ಣ ಗುಳ್ಳೆಗಳೆದ್ದಾಗ ನನಗೆ 13 ವರ್ಷ. ನೋವಿರಲಿಲ್ಲ, ತುರಿಕೆಯೂ ಇರಲಿಲ್ಲ. ಮುಟ್ಟಿದರೆ ಮಾತ್ರ ಎಳೆ ಹಲಸಿನ ಮಿಡಿಯ ಮೈಯಂತೆ ತರಿತರಿಯಾಗಿತ್ತು. "ಕೊಳೆ ಕಟ್ಟಿದೆ ಮಾರಾಯ್ತಿ, ಗಟ್ಟಿಯಾಗಿ ಉಜ್ಜಿಕೋ" ಎಂದು ಅಜ್ಜಿ ಹೇಳಿದ್ದನ್ನು ನಂಬಿ, ತೀರ್ಥಹಳ್ಳಿ ಕಡೆಯ ನಮ್ಮ ಮನೆಯ ಬಚ್ಚಲಿನಲ್ಲಿ ಹಂಡೆಯ ಸುಡುನೀರು ಹೊಯ್ದುಕೊಂಡು, ಒಣಗಿದ ಹೀರೆಕಾಯಿಯ ನಾರಿನಿಂದ ಚರ್ಮ ಕೆಂಪಾಗುವವರೆಗೆ ವರ್ಷಗಟ್ಟಲೆ ಉಜ್ಜಿದೆ. ಎರಡು ದಿನ ನುಣುಪಾದಂತೆ ಕಂಡರೂ ಮೂರನೆಯ ದಿನಕ್ಕೆ ಗುಳ್ಳೆಗಳು ಇನ್ನಷ್ಟು ಕೆಂಪಾಗಿ ಏಳುತ್ತಿದ್ದವು.

ಕೊನೆಗೆ ಶಿವಮೊಗ್ಗದ ಚರ್ಮವೈದ್ಯರೊಬ್ಬರು ಸೂಜಿಯ ತುದಿಯಿಂದ ಒಂದು ಗುಳ್ಳೆಯನ್ನು ಬಿಡಿಸಿ ತೋರಿಸಿದರು: ಬಿಳಿಯ ಗಟ್ಟಿ ಬಿರಡೆ, ಅದರಡಿ ಹೊರಬರಲಾಗದೆ ಸುರುಳಿ ಸುತ್ತಿಕೊಂಡಿದ್ದ ಎಳೆಗೂದಲು. ಚರ್ಮದ ಕೆರಟಿನ್ ಎಂಬ ಪ್ರೋಟೀನು ಕೂದಲಿನ ರಂಧ್ರದ ಬಾಯಿಯಲ್ಲಿ ಕಟ್ಟಿಕೊಳ್ಳುವ ಈ ಸ್ಥಿತಿಗೆ ಕೆರಟೋಸಿಸ್ ಪಿಲಾರಿಸ್ ಎಂದು ಹೆಸರು. ಇದು ಕೊಳೆಯಲ್ಲ, ಅಂಟುರೋಗವೂ ಅಲ್ಲ. ಹೆಚ್ಚಾಗಿ ವಂಶದಲ್ಲಿ ಬರುತ್ತದೆ. ಮನೆಗೆ ಬಂದು ನೋಡಿದರೆ ಅಪ್ಪಯ್ಯನ ತೋಳಿನಲ್ಲೂ ಇತ್ತು. ಆದರೆ ಮಕ್ಕಳ ಮೊಣಕೈ, ಮೊಣಕಾಲುಗಳ ಮೇಲೆ ಒರಟು ಗುಳ್ಳೆಗಳಿದ್ದರೆ ಅದು ವಿಟಮಿನ್ ಎ ಮುಂತಾದ ಪೋಷಕಾಂಶಗಳ ಕೊರತೆಯಿಂದ ಬಂದದ್ದೂ ಇರಬಹುದು. ಆದ್ದರಿಂದ ಮೊದಲು ವೈದ್ಯರಿಗೆ ತೋರಿಸಿಕೊಳ್ಳುವುದೇ ಸರಿ.

ಅವರು ಬರೆದುಕೊಟ್ಟದ್ದು ಶೇ. 10ರ ಯೂರಿಯಾ ಕ್ರೀಮು. ತೋಟಕ್ಕೆ ಎರಚುವ ಗೊಬ್ಬರದ ಹೆಸರು ಕೇಳಿ ನನಗೆ ಗಾಬರಿಯಾಯಿತು. ಯೂರಿಯಾ ನಮ್ಮ ಚರ್ಮದಲ್ಲಿ ಸಹಜವಾಗಿಯೇ ಇದ್ದು ನೀರಿನಂಶವನ್ನು ಹಿಡಿದಿಡುತ್ತದೆ, ಗಟ್ಟಿ ಪದರವನ್ನು ಮೆದುಗೊಳಿಸುತ್ತದೆ ಎಂದು ಅವರು ವಿವರಿಸಿದರು. ಹಾಗೆಂದು ಗೊಬ್ಬರದ ಚೀಲಕ್ಕೆ ಯಾರೂ ಕೈಹಾಕಬಾರದು, ಔಷಧದಂಗಡಿಯದ್ದೇ ಬೇಕು.

ಅಂದಿನಿಂದ ಉಗುರುಬೆಚ್ಚಗಿನ ನೀರಿನಲ್ಲಿ ಬೇಗ ಸ್ನಾನ ಮುಗಿಸುತ್ತೇನೆ. ಟವೆಲಿನಿಂದ ಉಜ್ಜದೆ ಒತ್ತಿ ಒರೆಸಿ, ತೇವ ಆರುವ ಮೊದಲೇ ಕ್ರೀಮನ್ನು ತೆಳ್ಳಗೆ ಹಚ್ಚುತ್ತೇನೆ. ಕೊಬ್ಬರಿ ಎಣ್ಣೆಯನ್ನೂ ಮೊದಲು ಪ್ರಯತ್ನಿಸಿದ್ದೆ. ಚರ್ಮ ಒಣಗುವುದು ತಪ್ಪಿತೇ ಹೊರತು ಬಿರಡೆ ಸಡಿಲವಾಗಲಿಲ್ಲ. ಎರಡನೆಯ ತಿಂಗಳಿನಿಂದ ವೈದ್ಯರ ಸಲಹೆಯಂತೆ ವಾರಕ್ಕೆ ಮೂರು ರಾತ್ರಿ ಲ್ಯಾಕ್ಟಿಕ್ ಆಮ್ಲದ ಕ್ರೀಮನ್ನೂ ಸೇರಿಸಿಕೊಂಡೆ. ಗೀರಿದ ಚರ್ಮಕ್ಕೆ ಅದು ಉರಿಯುತ್ತದೆ. ಬಿಸಿಲಿಗೆ ಚರ್ಮ ಸೂಕ್ಷ್ಮವಾಗುವುದರಿಂದ ತೋಟಕ್ಕೆ ಹೋಗುವಾಗ ತುಂಬುತೋಳಿನ ಅಂಗಿ ತೊಡುತ್ತೇನೆ.

ಆರು ವಾರಕ್ಕೆ ಕೈಗೆ ನುಣುಪು ತಿಳಿಯಿತು, ಕೆಂಪು ಇಳಿಯಲು ಮೂರು ತಿಂಗಳು ಹಿಡಿಯಿತು. ಬೇರುಸಹಿತ ಹೋಗಿದೆಯೆಂದು ಹೇಳಲಾರೆ, ನಿಲ್ಲಿಸಿದರೆ ಮತ್ತೆ ಬರುತ್ತದೆ. ಮಳೆಗಾಲದ ತೇವದಲ್ಲಿ ಹೆಚ್ಚಿನ ಆರೈಕೆ ಬೇಕಾಗುವುದಿಲ್ಲ. ದೀಪಾವಳಿ ಕಳೆದು ಅಡಿಕೆ ಸುಲಿಯುವ ಹೊತ್ತಿಗೆ ಒಣಗಾಳಿ ಬೀಸತೊಡಗಿದರೆ ದಿನಕ್ಕೆರಡು ಸಲ ಹಚ್ಚುತ್ತೇನೆ. ಈಗ ಮಗಳ ಕೆನ್ನೆಯಲ್ಲೂ ಅದೇ ತರಿ ಕಾಣಿಸಿದೆ. ಮುಖದ ಚರ್ಮ ತೆಳುವಾದ್ದರಿಂದ ಅವಳಿಗೆ ಆಮ್ಲದ ಕ್ರೀಮು ಹಚ್ಚುತ್ತಿಲ್ಲ, ಸುವಾಸನೆಯಿಲ್ಲದ ಸಾದಾ ಮಾಯಿಶ್ಚರೈಸರ್ ಮಾತ್ರ. ನಾರನ್ನಂತೂ ಬಚ್ಚಲಿನಿಂದ ತೆಗೆದುಹಾಕಿದ್ದೇನೆ.